'ಪರವಾಗಿಲ್ಲ' ಎಂದದ್ದರ ಬೆಲೆ

ರಸ್ತೆ ಅಪಘಾತದ ಗಾಯಕ್ಕೆ ಸಿಕ್ಕ ಪರಿಹಾರ ಸಾಲದೆನಿಸಿದಾಗ ಮೇಲಿನ ಕೋರ್ಟಿಗೆ ಹೋಗುವುದನ್ನು ಕರ್ನಾಟಕದ ವಕೀಲರು 'ಎನ್‌ಹ್ಯಾನ್ಸ್‌ಮೆಂಟಿಗೆ ಹಾಕುವುದು' ಎನ್ನುತ್ತಾರೆ. ಕಕ್ಷಿದಾರರ ಬಾಯಲ್ಲಿ ಅದು 'ಅಪೀಲಿಗೆ ಹೋಗೋದು'. 1988ರ ಮೋಟಾರು ವಾಹನ ಕಾಯ್ದೆಯ 166ನೇ ಕಲಮಿನಂತೆ ಕ್ಲೇಮ್ಸ್ ಟ್ರಿಬ್ಯೂನಲ್ಲಿಗೆ ಅರ್ಜಿ ಹಾಕಿದರೆ ಅದಕ್ಕೊಂದು ಎಂವಿಸಿ ನಂಬರು ಬೀಳುತ್ತದೆ. ಅವಾರ್ಡು ಬಂದ 90 ದಿನಗಳೊಳಗೆ 173ನೇ ಕಲಮಿನಂತೆ ಹೈಕೋರ್ಟಿಗೆ ಹೋದರೆ ಎಂಎಫ್‌ಎ ನಂಬರು. ಊರು ಯಾವುದೆಂಬುದರ ಮೇಲೆ ಕಡತ ಬೆಂಗಳೂರಿಗೋ ಧಾರವಾಡಕ್ಕೋ ಕಲಬುರಗಿಗೋ ಹೋಗುತ್ತದೆ. ಗಾಯಾಳು ಹೋಗಬೇಕೆಂದಿಲ್ಲ. ಕಾಗದಗಳು ಹೋದರೆ ಸಾಕು, ಬಡ್ಡಿಯೂ ಜೊತೆಗೇ ಬೆಳೆಯುತ್ತಿರುತ್ತದೆ.

ಅಲ್ಲಿ ಅಪೀಲು ಇಷ್ಟು ಮಾಮೂಲಾಗಿರುವುದಕ್ಕೆ ಕಾರಣ, ಪರಿಹಾರವು ಬಹುಮಟ್ಟಿಗೆ ಗುಣಾಕಾರದ ಲೆಕ್ಕ. ತಿಂಗಳ ಆದಾಯ, ಹನ್ನೆರಡು ತಿಂಗಳು, ವಯಸ್ಸಿಗೆ ತಕ್ಕ ಗುಣಕ, ಅಂಗವೈಕಲ್ಯದ ಶೇಕಡಾವಾರು. ಗುಣಕದ ಪಟ್ಟಿಯನ್ನು 2009ರ ಸರಳಾ ವರ್ಮ ತೀರ್ಪಿನಲ್ಲಿ ಸುಪ್ರೀಂ ಕೋರ್ಟು ಗಟ್ಟಿ ಮಾಡಿತು: 15ರಿಂದ 25 ವಯಸ್ಸಿನವರಿಗೆ 18, ಅಲ್ಲಿಂದ ಇಳಿಯುತ್ತಾ 65 ದಾಟಿದವರಿಗೆ 5. ಕೈಕಾಲಿಗಾದ ಊನ ಒಂದು, ಅದರಿಂದ ದುಡಿಮೆಗಾದ ನಷ್ಟ ಇನ್ನೊಂದು, ಎರಡನ್ನೂ ಬೇರೆಬೇರೆಯಾಗಿ ಅಳೆಯಬೇಕು ಎಂದು 2010ರ ರಾಜ್ ಕುಮಾರ್ ತೀರ್ಪು ಹೇಳಿತು. ಹೀಗೆ ಸೂತ್ರವೊಂದು ಇರುವುದರಿಂದ ಕೆಳಗಿನ ಕೋರ್ಟು ಯಾವ ಅಂಕಿಯನ್ನು ಚಿಕ್ಕದು ಮಾಡಿತು ಎಂದು ಬೆರಳಿಟ್ಟು ತೋರಿಸಲು ಬರುತ್ತದೆ. ಕರ್ನಾಟಕದ ಒಬ್ಬ ತರಕಾರಿ ವ್ಯಾಪಾರಿಯ ಪ್ರಕರಣ ವಕೀಲರ ಬಾಯಲ್ಲಿ ಇಂದಿಗೂ ಇದೆ. 24ರ ವಯಸ್ಸು, 2008ರ ಅಪಘಾತ, ಬಲಗಾಲು ಹೋಯಿತು. 2014ರಲ್ಲಿ ಸುಪ್ರೀಂ ಕೋರ್ಟು ಅವನ ಆದಾಯವನ್ನು ತಿಂಗಳಿಗೆ 6,500 ರೂಪಾಯಿ ಎಂದು ಹಿಡಿದು, ಮುಂದೆ ಬೆಳೆಯಬಹುದಾದ ದುಡಿಮೆಗೆಂದು ಅದರ ಅರ್ಧವನ್ನು ಸೇರಿಸಿ 9,750 ಮಾಡಿತು. 12ರಿಂದ, 18ರಿಂದ ಗುಣಿಸಿ ಶೇಕಡಾ 85 ತೆಗೆದಾಗ 17,90,100 ರೂಪಾಯಿ ಬಂತು. ಈ ಲೆಕ್ಕವನ್ನು ತರಕಾರಿ ಮಾರುವವನೂ ಅರ್ಥ ಮಾಡಿಕೊಳ್ಳಬಲ್ಲ.

ಈ ರೂಢಿಯಲ್ಲಿ ಬೆಳೆದವರು ಕ್ಯಾಲಿಫೋರ್ನಿಯಾದ ಪಾಲೋ ಆಲ್ಟೋದಲ್ಲಿ ಗಾಯಗೊಂಡರೆ ಮೊದಲು ಕೇಳುವ ಪ್ರಶ್ನೆಯೇ ತಪ್ಪಾಗಿಬಿಡುತ್ತದೆ. 'ಕಮ್ಮಿ ಕೊಟ್ಟರೆ ಅಪೀಲು ಎಲ್ಲಿ ಹಾಕೋದು?' ಅಲ್ಲಿ ಟ್ರಿಬ್ಯೂನಲ್ ಇಲ್ಲ, ಗುಣಕ ಇಲ್ಲ, ಅವಾರ್ಡೂ ಇಲ್ಲ. ಮೊದಲ ಅಂಕಿಯನ್ನು ಹೇಳುವವರು ಎದುರು ಪಕ್ಷದ ವಿಮಾ ಕಂಪನಿಯ ಅಡ್ಜಸ್ಟರ್, ಅದೂ ಫೋನಿನಲ್ಲಿ. ಹೆಚ್ಚು ಕೇಳುವ ಕೆಲಸವೆಲ್ಲ ಆ ಅಂಕಿಗೂ ಗಾಯಾಳುವಿನ ಸಹಿಗೂ ನಡುವೆ ಮುಗಿಯಬೇಕು. ಸಹಿ ಬಿದ್ದ ಮೇಲೆ ಹೋಗುವುದಕ್ಕೆ ಮೇಲಿನ ಕೋರ್ಟು ಎಂಬುದಿಲ್ಲ. ಈ ವ್ಯತ್ಯಾಸ ಒಂದು ಮನೆಯವರಿಗೆ ಹೇಗೆ ಗೊತ್ತಾಯಿತು ಎಂಬುದನ್ನು ಹಿಡಿದು ಹೊರಟರೆ ಇಡೀ ವ್ಯವಸ್ಥೆ ಒಂದೊಂದಾಗಿ ಕಾಣುತ್ತದೆ.

2018ರ ನವೆಂಬರ್. ಮಗಳ ಬಾಣಂತನಕ್ಕೆಂದು ಮಲೆನಾಡಿನಿಂದ ಬಂದಿದ್ದ 67 ವರ್ಷದ ಅಜ್ಜಿ, ಸಂಜೆ ಅಳಿಯನ ಜೊತೆ ಔಷಧಿ ಅಂಗಡಿಗೆ ಹೊರಟು ಎಲ್ ಕಮಿನೋ ರಿಯಲ್ ದಾಟುತ್ತಿದ್ದರು. ಸ್ಪ್ಯಾನಿಷಿನ ಆ ಹೆಸರಿಗೆ ರಾಜಮಾರ್ಗ ಎಂದರ್ಥ. ಪಾಲೋ ಆಲ್ಟೋದ ಉದ್ದಕ್ಕೆ ಅದು ಆರು ಲೇನಿನ ರಸ್ತೆ. ಅಳಿಯ ನಾಲ್ಕು ಹೆಜ್ಜೆ ಮುಂದಿದ್ದರು. ಅಡ್ಡರಸ್ತೆಯಿಂದ ಹಸಿರು ದೀಪಕ್ಕೆ ಎಡಕ್ಕೆ ತಿರುಗಿದ ಕಾರಿನ ಚಾಲಕ ಎದುರಿನಿಂದ ಬರುವ ಗಾಡಿಗಳ ನಡುವೆ ಸಂದು ಹುಡುಕುತ್ತಿದ್ದವರು, ಜೀಬ್ರಾ ಪಟ್ಟೆಯ ಕಡೆ ನೋಡಲಿಲ್ಲ. ಬಂಪರು ತಾಗಿದ್ದು ಮೆಲ್ಲಗೇ. ಅಜ್ಜಿ ಬಲಗೈ ಊರಿ ಬಿದ್ದರು.

ಪೊಲೀಸರು ಬಂದರು. ನೋವಾಗಿದೆಯೇ ಎಂದು ಕೇಳಿದರು. ಅಳಿಯ ಕನ್ನಡದಲ್ಲಿ ಕೇಳಿದರು. ಅಜ್ಜಿ, ಸೆರಗಿನ ಕೆಳಗೆ ಬಲಗೈಯನ್ನು ಎಡಗೈಯಿಂದ ಹಿಡಿದುಕೊಂಡು, 'ಪರವಾಗಿಲ್ಲ ಕಣಪ್ಪ, ಏನೂ ಆಗಿಲ್ಲ. ಅವರನ್ನ ಬೈಯಬೇಡಿ' ಎಂದರು. ಅಳಿಯ ಅದನ್ನು ನಿಯತ್ತಾಗಿ ಇಂಗ್ಲಿಷಿಗೆ ತಂದರು. ವರದಿಯಲ್ಲಿ ಗಾಯದ ಖಾನೆಯೆದುರು ತೀರಾ ಕೆಳಗಿನ ದರ್ಜೆ ದಾಖಲಾಯಿತು: ನೋವಿದೆಯೆಂಬ ದೂರು ಮಾತ್ರ, ಕಣ್ಣಿಗೆ ಕಾಣುವ ಗಾಯವಿಲ್ಲ. ಕನ್ನಡದಲ್ಲಿ ಪರವಾಗಿಲ್ಲ ಎಂಬುದು ಗಾಯದ ವರದಿಯಲ್ಲ, ಎದುರಿಗಿರುವವರಿಗೆ ತೊಂದರೆ ಕೊಡಬಾರದೆಂಬ ಸೌಜನ್ಯ. ಪೊಲೀಸ್ ಫಾರಮ್ಮಿನಲ್ಲಿ ಆ ಸೌಜನ್ಯಕ್ಕೆ ಖಾನೆ ಇಲ್ಲ. ಮುಂದೆ ಹದಿನಾಲ್ಕು ತಿಂಗಳು ಆ ಒಂದು ಸಾಲು ಪ್ರತಿ ಪತ್ರದಲ್ಲೂ ತಲೆ ಎತ್ತುತ್ತಿತ್ತು.

ರಾತ್ರಿ ಮಣಿಕಟ್ಟು ಊದಿ ಬಳೆ ಕತ್ತರಿಸಬೇಕಾಯಿತು. ಎಕ್ಸ್‌ರೇಯಲ್ಲಿ ಮಣಿಕಟ್ಟಿನ ಮೂಳೆ ಮೂರು ತುಂಡಾಗಿತ್ತು. ಆಪರೇಷನ್ ಆಗಿ ಒಂದು ಪ್ಲೇಟು, ಏಳು ಸ್ಕ್ರೂ ಕೂತವು. ಅಜ್ಜಿಗೆ ಇದ್ದದ್ದು ಊರಿನಿಂದ ಬರುವ ಅಪ್ಪ ಅಮ್ಮಂದಿರಿಗೆ ಮಕ್ಕಳು ಸಾಮಾನ್ಯವಾಗಿ ಕೊಳ್ಳುವ ವಿಸಿಟರ್ಸ್ ಇನ್ಶೂರೆನ್ಸ್. ಅದರಲ್ಲಿ ಎರಡು ಜಾತಿ. ಒಂದು, ಬಿಲ್ಲಿನ ಹೆಚ್ಚಿನ ಪಾಲನ್ನು ಒಂದು ಮಿತಿಯವರೆಗೆ ಕೊಡುವಂಥದ್ದು. ಇನ್ನೊಂದು, ಆಪರೇಷನ್ನಿಗೆ ಇಷ್ಟು, ದಿನದ ವಾರ್ಡಿಗೆ ಇಷ್ಟು ಎಂದು ಮೊದಲೇ ಬರೆದ ಮೊತ್ತ ಕೊಟ್ಟು ಕೈತೊಳೆದುಕೊಳ್ಳುವಂಥದ್ದು. ಎರಡನೆಯದು ಅಗ್ಗ, ಆದ್ದರಿಂದ ಅದೇ ಇತ್ತು. ಆಸ್ಪತ್ರೆಯ ಒಟ್ಟು ಬಿಲ್ಲು 71,000 ಡಾಲರ್. ವಿಮೆ ಕೊಟ್ಟದ್ದು ಅದರಲ್ಲಿ ಸಣ್ಣ ಭಾಗ. ಉಳಿದದ್ದಕ್ಕೆ ಆಸ್ಪತ್ರೆ ಮುಂದೆ ಬರಬಹುದಾದ ಪರಿಹಾರದ ಮೇಲೆ ಹಕ್ಕು ದಾಖಲಿಸಿತು. ಕ್ಯಾಲಿಫೋರ್ನಿಯಾದ ಕಾನೂನಿನಲ್ಲಿ ಇದಕ್ಕೆ ಲೀನ್ ಎನ್ನುತ್ತಾರೆ. ಆಸ್ಪತ್ರೆಯ ಲೀನು ಗಾಯಾಳುವಿಗೆ ಬರುವ ಹಣದ ಅರ್ಧವನ್ನು ಮೀರುವಂತಿಲ್ಲ ಎಂಬುದೊಂದೇ ಅದರಲ್ಲಿ ಸಮಾಧಾನದ ಸಂಗತಿ.

ಎರಡನೇ ವಾರಕ್ಕೆ ಅಡ್ಜಸ್ಟರ್ ಫೋನು ಬಂತು. ದನಿ ತುಂಬಾ ಮೃದು. ಅಜ್ಜಿಯ ಹೇಳಿಕೆಯನ್ನು ರೆಕಾರ್ಡು ಮಾಡಿಕೊಳ್ಳಬಹುದೇ ಎಂದು ಕೇಳಿದರು. ಎದುರು ಪಕ್ಷದ ವಿಮಾ ಕಂಪನಿಗೆ ಹೇಳಿಕೆ ಕೊಡಬೇಕೆಂಬ ಕಟ್ಟುಪಾಡು ಗಾಯಾಳುವಿಗಿಲ್ಲ. ಒಪ್ಪಿಗೆಯಿಲ್ಲದೆ ಮಾತು ರೆಕಾರ್ಡು ಮಾಡುವುದು ಆ ರಾಜ್ಯದಲ್ಲಿ ಅಪರಾಧ, ಆದ್ದರಿಂದಲೇ ಕೇಳಿಕೊಂಡು ಮಾಡುತ್ತಾರೆ. ಮನೆಯವರು ಮುಚ್ಚಿಡುವುದೇನಿದೆ ಎಂದು ಒಪ್ಪಿದರು. ಅಳಿಯ ಮತ್ತೆ ದುಭಾಷಿ. 'ಅತ್ತೆ, ರಸ್ತೆಗೆ ಇಳಿದಾಗ ಸಿಗ್ನಲ್ ಏನಿತ್ತು ಅಂತ ಕೇಳ್ತಿದಾರೆ.' ಅಜ್ಜಿ ಇದ್ದದ್ದನ್ನು ಇದ್ದ ಹಾಗೆ ಹೇಳಿದರು: ಬಿಳಿ ಮನುಷ್ಯನ ಗುರುತು ಹೋಗಿ ಕೆಂಪು ಕೈ ಮಿನುಗುತ್ತಿತ್ತು, ಪಕ್ಕದಲ್ಲಿ 26 ಎಂದಿತ್ತು.

ಮೂರು ವಾರ ಕಳೆದು ಆಫರ್ ಬಂತು. 22,000 ಡಾಲರ್, ಎಲ್ಲ ಸೇರಿ. ಜೊತೆಗೆ ಎರಡು ಪುಟದ ರಿಲೀಸ್, ಅಂದರೆ ಬಿಡುಗಡೆ ಪತ್ರ. ಊರಿನ ಲೆಕ್ಕದಲ್ಲಿ ಅದು ಹದಿನೈದು ಲಕ್ಷದ ಮೇಲಿನ ಹಣ, ಯಾರಾದರೂ ಒಂದು ಕ್ಷಣ ಸುಮ್ಮನಾಗುವಂಥದ್ದು. ಅಜ್ಜಿಯೇ 'ತಗೊಳ್ಳಿ, ಸಾಕು' ಎಂದರಂತೆ. ಅದೇ ಗಾಯ ಕರ್ನಾಟಕದಲ್ಲಿ ಆಗಿದ್ದರೆ ಎಂದು ಅಳಿಯ ಒಂದು ಹಾಳೆಯಲ್ಲಿ ಲೆಕ್ಕ ಹಾಕಿದ್ದರು: ಗೃಹಿಣಿಯ ದುಡಿಮೆಯನ್ನು ಅಂದಾಜಿಗೆ ತಿಂಗಳಿಗೆ 10,000 ಎನ್ನೋಣ, ಕೈಯ ಊನ ಶೇಕಡಾ 30, ಇಡೀ ದೇಹಕ್ಕೆ ಅದರ ಮೂರನೇ ಒಂದು ಪಾಲು, ಗುಣಕ 5. ಭವಿಷ್ಯದ ನಷ್ಟದ ಬಾಬ್ತು 60,000 ರೂಪಾಯಿ. ಆಸ್ಪತ್ರೆ ಖರ್ಚು, ನೋವು, ಪಥ್ಯ, ಓಡಾಟ ಬೇರೆ. ಈ ಹಾಳೆಯನ್ನು ಪಕ್ಕದಲ್ಲಿಟ್ಟುಕೊಂಡು ನೋಡಿದರೆ 22,000 ಡಾಲರ್ ಉದಾರವಾಗಿಯೇ ಕಾಣುತ್ತದೆ. ಆದರೆ ಬಿಲ್ಲು ರೂಪಾಯಿಯಲ್ಲಿ ಬಂದಿರಲಿಲ್ಲ. ಸಹಿ ಹಾಕಿದ್ದರೆ ಅಷ್ಟೂ ಹಣ ತೀರಿದ ಮೇಲೂ ಆಸ್ಪತ್ರೆಯ ಬಾಕಿ ಉಳಿಯುತ್ತಿತ್ತು.

ರಿಲೀಸಿನ ಎರಡನೇ ಪುಟದಲ್ಲಿ, ಉಳಿದ ಅಕ್ಷರಗಳಿಗಿಂತ ದಪ್ಪಗೆ, ಕ್ಯಾಲಿಫೋರ್ನಿಯಾ ಸಿವಿಲ್ ಕೋಡಿನ 1542ನೇ ಕಲಮು ಅಚ್ಚಾಗಿತ್ತು. ಸಹಿ ಹಾಕುವಾಗ ತನಗೆ ಗೊತ್ತಿಲ್ಲದಿದ್ದ ಹಾನಿ ಮುಂದೆ ಹೊರಬಿದ್ದರೆ ಅದಕ್ಕೆ ಈ ಬಿಡುಗಡೆ ಪತ್ರ ಅನ್ವಯಿಸುವುದಿಲ್ಲ ಎಂದು ಆ ಕಲಮು ಗಾಯಾಳುವನ್ನು ಕಾಯುತ್ತದೆ. ಅದರ ಕೆಳಗಿನ ಸಾಲು, ಈ ರಕ್ಷಣೆಯನ್ನು ಬಿಟ್ಟುಕೊಡುತ್ತೇನೆ ಎನ್ನುತ್ತದೆ. ಕಾನೂನನ್ನು ಪೂರ್ತಿಯಾಗಿ ಓದಿಸಿ, ನಂತರ ಅದನ್ನೇ ಕಳಚಿಕೊಳ್ಳುವ ಈ ಪದ್ಧತಿ ಆ ರಾಜ್ಯದ ಬಹುತೇಕ ರಾಜಿಪತ್ರಗಳಲ್ಲಿದೆ.

ಸಹಿ ತಡೆದದ್ದು ಕಾನೂನು ತಿಳಿದವರಲ್ಲ. ಸಂಕ್ರಾಂತಿಯ ಹೊತ್ತಿಗೆ ಪರಿಚಯದ ಕನ್ನಡದ ಮನೆಯೊಂದರಲ್ಲಿ ಊಟಕ್ಕೆ ಸೇರಿದ್ದಾಗ, ಹಿಂದೆ ಇಂಥದ್ದೇ ಹಳ್ಳಕ್ಕೆ ಬಿದ್ದಿದ್ದ ಒಬ್ಬರು 'ಮೊದಲ ಆಫರ್ ಅಂದ್ರೆ ತರಕಾರಿಯವನು ಹೇಳೋ ಮೊದಲ ರೇಟು ಇದ್ದ ಹಾಗೆ, ಉಲ್ಟಾ ಅಷ್ಟೆ' ಎಂದರು. 1973ರಿಂದ ಇರುವ ಉತ್ತರ ಕ್ಯಾಲಿಫೋರ್ನಿಯಾ ಕನ್ನಡ ಕೂಟದ ಕಾಲದಿಂದಲೂ ಆ ಕಡೆಯ ಕನ್ನಡಿಗರ ವೀಸಾ, ಮನೆ, ಶಾಲೆಗಳ ತಿಳಿವಳಿಕೆ ಬಹಳಷ್ಟು ಹರಿದಿರುವುದು ಇಂಥ ಊಟದ ಎಲೆಗಳ ಮೇಲೆಯೇ. ಅಪಘಾತದ ವಿಷಯ ಮಾತ್ರ ಅಲ್ಲಿ ಕಡಿಮೆ. ಕೋರ್ಟು ಕಚೇರಿ ಎಂದರೆ ಜನ ದನಿ ತಗ್ಗಿಸುತ್ತಾರೆ.

ಹೆಚ್ಚು ಕೇಳುವುದಕ್ಕೆ ಎಷ್ಟು ಕಾಲವಿದೆ ಎಂಬುದು ಮೊದಲ ಲೆಕ್ಕ. ಕ್ಯಾಲಿಫೋರ್ನಿಯಾದಲ್ಲಿ ದೈಹಿಕ ಗಾಯದ ದಾವೆಗೆ ಅಪಘಾತದ ದಿನದಿಂದ 2 ವರ್ಷ. 2003ಕ್ಕೆ ಮುಂಚೆ ಅದು ಒಂದೇ ವರ್ಷವಿತ್ತು. ಗುದ್ದಿದ್ದು ಸರ್ಕಾರಿ ಸಂಸ್ಥೆಯ ವಾಹನವಾದರೆ, ಉದಾಹರಣೆಗೆ ಎಲ್ ಕಮಿನೋದಲ್ಲೇ ಓಡಾಡುವ ವಿಟಿಎ 22ನೇ ನಂಬರಿನ ಬಸ್ಸಾದರೆ, 6 ತಿಂಗಳೊಳಗೆ ಆ ಸಂಸ್ಥೆಗೇ ಲಿಖಿತ ಕ್ಲೇಮು ಕೊಟ್ಟಿರಬೇಕು. ಇಲ್ಲದಿದ್ದರೆ ಕೋರ್ಟಿನ ಬಾಗಿಲು ಸಾಮಾನ್ಯವಾಗಿ ಮುಚ್ಚಿಹೋಗುತ್ತದೆ. ವಿಸಿಟರ್ ವೀಸಾದ ಅಜ್ಜಿಗೆ ಇನ್ನೊಂದು ಗಡಿಯಾರ ಓಡುತ್ತಿತ್ತು. ಅಲ್ಲಿ ಉಳಿಯಲು ಕೊಟ್ಟಿದ್ದು ಆರು ತಿಂಗಳು. ಫಿಸಿಯೋಥೆರಪಿ ಮುಗಿಯುವ ಮುನ್ನವೇ ಮರಳುವ ಟಿಕೆಟ್ಟಿನ ದಿನ ಬರುತ್ತಿತ್ತು. ಚಿಕಿತ್ಸೆ ಮಧ್ಯೆ ನಿಂತರೆ ಅಡ್ಜಸ್ಟರುಗಳು ಅದನ್ನು 'ವಾಸಿಯಾಗಿದೆ' ಎಂದು ಓದುತ್ತಾರೆ. ಆದ್ದರಿಂದ ಶಿವಮೊಗ್ಗಕ್ಕೆ ಮರಳಿದ ಮೇಲೂ ಫಿಸಿಯೋ ಮುಂದುವರಿಸಿ, ಒಂದೊಂದು ಸಲಕ್ಕೆ 300 ರೂಪಾಯಿಯ ರಸೀದಿಗಳನ್ನು ವಾಟ್ಸ್‌ಆ್ಯಪಿನಲ್ಲಿ ಕಳಿಸುತ್ತಿದ್ದರು. ಮೊತ್ತ ಲೆಕ್ಕಕ್ಕೆ ಬರುವಂಥದ್ದಲ್ಲ. ತಾರೀಖುಗಳು ಮುಖ್ಯವಾಗಿದ್ದವು.

ವಕೀಲರನ್ನು ಹಿಡಿದದ್ದು ಫೆಬ್ರವರಿಯಲ್ಲಿ. ಭಾರತದಲ್ಲಿ ಬಂದ ಹಣದಲ್ಲಿ ಪಾಲು ಎಂದು ವಕೀಲರು ಫೀಸು ಗೊತ್ತುಮಾಡಿಕೊಳ್ಳುವುದನ್ನು ಬಾರ್ ಕೌನ್ಸಿಲ್ಲಿನ ನಿಯಮ ನಿಷೇಧಿಸುತ್ತದೆ. ನಡೆಯುವುದು ಬೇರೆ ಮಾತು. ಕ್ಯಾಲಿಫೋರ್ನಿಯಾದಲ್ಲಿ ಗಾಯದ ಪ್ರಕರಣಗಳು ಬಹುಮಟ್ಟಿಗೆ ನಡೆಯುವುದೇ ಹಾಗೆ: ದಾವೆಗೆ ಮುಂಚೆ ರಾಜಿಯಾದರೆ ಮೂರನೇ ಒಂದು ಪಾಲು, ದಾವೆ ಹೂಡಿದ ಮೇಲೆ ಶೇಕಡಾ 40 ಎಂಬುದು ಸಾಮಾನ್ಯ ದರ. ಕರಾರು ಬರವಣಿಗೆಯಲ್ಲಿರಬೇಕು, ಈ ದರ ಕಾನೂನು ನಿಗದಿ ಮಾಡಿದ್ದಲ್ಲ, ಚೌಕಾಸಿ ಮಾಡಬಹುದು ಎಂದು ಕರಾರಿನಲ್ಲೇ ಬರೆದಿರಬೇಕು. ಓದಿದರೂ ಚೌಕಾಸಿ ಮಾಡುವವರು ಕಡಿಮೆ.

ಮೊದಲ ಆಫರು ಚಿಕ್ಕದಾಗಿದ್ದೇಕೆ ಎಂದು ವಕೀಲರು ಕೇಳಿದಾಗ ಅಡ್ಜಸ್ಟರಿನಿಂದ ಬಂದ ಕಾರಣಗಳು ಮೂರು. ಮೂರಕ್ಕೂ ಬೇರೆಬೇರೆ ಉತ್ತರ ಬೇಕಾಯಿತು.

ಮೊದಲನೆಯದು 26. ಕೆಂಪು ಕೈ ಮಿನುಗಲು ಶುರುವಾದ ಮೇಲೆ ರಸ್ತೆಗೆ ಇಳಿದದ್ದು ಅಜ್ಜಿಯದೇ ತಪ್ಪು, ಆದ್ದರಿಂದ ಶೇಕಡಾ 25 ಕಳೆದಿದ್ದೇವೆ. 1975ರಲ್ಲಿ ಕ್ಯಾಲಿಫೋರ್ನಿಯಾದ ಸುಪ್ರೀಂ ಕೋರ್ಟು ಟ್ಯಾಕ್ಸಿ ಕಂಪನಿಯೊಂದರ ಪ್ರಕರಣದಲ್ಲಿ, ಗಾಯಾಳುವಿನ ತಪ್ಪು ಎಷ್ಟು ಪಾಲೋ ಪರಿಹಾರದಲ್ಲಿ ಅಷ್ಟು ಪಾಲು ಮಾತ್ರ ಕಳೆಯಬೇಕು ಎಂದು ತೀರ್ಮಾನಿಸಿತ್ತು. ಅದಕ್ಕೆ ಮುಂಚೆ ಗಾಯಾಳುವಿನ ತಪ್ಪು ಒಂದಿಷ್ಟಿದ್ದರೂ ಪರಿಹಾರವೇ ಇರಲಿಲ್ಲ. ಈಗ ಆ ಶೇಕಡಾವಾರು ಅಡ್ಜಸ್ಟರುಗಳ ಕತ್ತರಿಯಾಗಿದೆ. ಇದಕ್ಕೆ ಉತ್ತರ ಇದ್ದದ್ದು ತಾರೀಖಿನಲ್ಲಿ. ಎಣಿಕೆ ತೋರಿಸುವ ಸಿಗ್ನಲ್ಲಿನಲ್ಲಿ, ಸಮಯ ಮುಗಿಯುವುದರೊಳಗೆ ದಾಟಿ ಮುಗಿಸುವಂತಿದ್ದರೆ ಕೆಂಪು ಕೈ ಮಿನುಗುವಾಗಲೂ ಹೊರಡಬಹುದು ಎಂದು ಕಾನೂನು ಬದಲಾಗಿತ್ತು, 2018ರ ಜನವರಿ 1ರಿಂದ. ಅಪಘಾತ ಆದದ್ದು ಅದೇ ವರ್ಷದ ನವೆಂಬರಿನಲ್ಲಿ. ಅಜ್ಜಿ ಕೊನೆಯ ಲೇನಿನಲ್ಲಿದ್ದಾಗ ಸಿಗ್ನಲ್ಲಿನಲ್ಲಿ ಇನ್ನೂ ಅಂಕಿ ಉಳಿದಿತ್ತು ಎಂದು ಹಿಂದಿನ ಕಾರಿನವರು ಪೊಲೀಸರಿಗೆ ಹೇಳಿದ್ದರು. ಅಡ್ಜಸ್ಟರ್ ಹಳೆಯ ನಿಯಮ ಹಿಡಿದು ಕೂತಿದ್ದರೋ, ಹೊಸದು ಎದುರಿನವರಿಗೆ ಗೊತ್ತಿರಲಾರದು ಎಂದುಕೊಂಡಿದ್ದರೋ ಹೇಳುವಂತಿಲ್ಲ. ಒಂದು ಪ್ಯಾರಾದ ಪತ್ರಕ್ಕೆ ಶೇಕಡಾ 25 ಪೂರ್ತಿ ಮಾಯವಾಯಿತು. ಅಜ್ಜಿಯ ನಿಜ ನುಡಿ ಅಲ್ಲಿಯವರೆಗೆ ಅವರಿಗೇ ಮುಳುವಾಗಿತ್ತು.

ಎರಡನೆಯದು ಬಿಲ್ಲು. 71,000 ಎಂಬುದು ಆಸ್ಪತ್ರೆ ಬರೆದ ಬೆಲೆ, ಯಾರೂ ಅಷ್ಟು ಕೊಡುವುದಿಲ್ಲ ಎಂದು ವಾದ. ಇದಕ್ಕೆ ಬುಡವಿದೆ. 2011ರ ಹವೆಲ್ ತೀರ್ಪಿನಲ್ಲಿ ಬಿಲ್ಲು 1,90,000 ಡಾಲರ್ ಹತ್ತಿರವಿತ್ತು, ಆರೋಗ್ಯ ವಿಮೆಯ ಒಪ್ಪಂದದ ಪ್ರಕಾರ ಆಸ್ಪತ್ರೆಗಳು ತೃಪ್ತಿಪಟ್ಟುಕೊಂಡದ್ದು 60,000ದ ಹತ್ತಿರ. ಗಾಯಾಳುವಿಗೆ ಸಿಗಬೇಕಾದ್ದು ನಿಜವಾಗಿ ಕಟ್ಟಿದ ಮೊತ್ತವೇ ಹೊರತು ಬಿಲ್ಲಿನ ಮೊತ್ತವಲ್ಲ ಎಂದು ಕೋರ್ಟು ಹೇಳಿತು. ಆದರೆ ಅಂಥ ರಿಯಾಯಿತಿಗೆ ಆಸ್ಪತ್ರೆಗೂ ವಿಮೆಗೂ ನಡುವೆ ಒಪ್ಪಂದವಿರಬೇಕು. ಅಜ್ಜಿಯ ಅಗ್ಗದ ವಿಮೆಗೆ ಯಾವ ಆಸ್ಪತ್ರೆಯ ಜೊತೆಗೂ ಒಪ್ಪಂದವಿರಲಿಲ್ಲ, ಬಾಕಿಯೆಲ್ಲ ಅವರ ತಲೆಯ ಮೇಲೇ ಇತ್ತು. ಕೆಟ್ಟ ವಿಮೆ ಕೊಂಡದ್ದು ಈ ಒಂದು ಹಂತದಲ್ಲಿ ಉಪಕಾರಕ್ಕೆ ಬಂತು. ಚಿಕಿತ್ಸೆಯ ನ್ಯಾಯವಾದ ಬೆಲೆ ಎಷ್ಟು ಎಂಬುದರ ಮೇಲೆ ಎರಡೂ ಕಡೆಯವರು ತಿಂಗಳುಗಟ್ಟಲೆ ಜಗ್ಗಾಡಿದರು.

ಮೂರನೆಯದು ಎಲ್ಲಕ್ಕಿಂತ ಕಷ್ಟದ್ದು. ಅಜ್ಜಿಗೆ ಸಂಬಳವಿಲ್ಲ, ಕೆಲಸ ತಪ್ಪಿಲ್ಲ, ಸ್ಥಳದಲ್ಲೇ 'ಏನೂ ಆಗಿಲ್ಲ' ಎಂದಿದ್ದಾರೆ, ಹಾಗಾದರೆ ನಷ್ಟವೇನು? ನೋವಿಗೆ ಕ್ಯಾಲಿಫೋರ್ನಿಯಾದಲ್ಲಿ ಸೂತ್ರವಿಲ್ಲ. ಜ್ಯೂರಿಗೆ ನ್ಯಾಯಾಧೀಶರು ಓದಿ ಹೇಳುವ ಸೂಚನೆಯಲ್ಲೇ, ಇದಕ್ಕೆ ಗೊತ್ತಾದ ಅಳತೆಗೋಲಿಲ್ಲ, ಸಾಕ್ಷ್ಯ ನೋಡಿ ನಿಮ್ಮ ವಿವೇಕಕ್ಕೆ ತೋಚಿದ್ದನ್ನು ಕೊಡಿ ಎಂಬರ್ಥದ ಮಾತಿದೆ. ಹನ್ನೆರಡು ಜನರಲ್ಲಿ ಒಂಬತ್ತು ಜನ ಒಪ್ಪಿದರೆ ಸಾಕು. ನೋವಿಗೆ ದಿನಕ್ಕೆ ಇಂತಿಷ್ಟು ಎಂದು ವಕೀಲರು ವಾದಿಸಬಹುದು ಎಂದು 1966ರಲ್ಲೇ ತೀರ್ಮಾನವಾಗಿದೆ. ಹಾಗೆ ವಾದಿಸಬೇಕಾದರೆ ಒಂದೊಂದು ದಿನವೂ ಹೇಗಿತ್ತು ಎಂಬುದಕ್ಕೆ ಏನಾದರೂ ಇರಬೇಕು.

ಇತ್ತು. ಆಪರೇಷನ್ ಆದ ನಾಲ್ಕನೇ ದಿನದಿಂದ ಅಜ್ಜಿ ಮೊಮ್ಮಗನಿಗೆಂದು ತಂದಿದ್ದ ಗೆರೆ ಎಳೆದ ನೋಟ್‌ಬುಕ್ಕಿನಲ್ಲಿ ಎಡಗೈಯಲ್ಲಿ ಬರೆಯುತ್ತಿದ್ದರು. ಯಾವ ವಕೀಲರೂ ಹೇಳಿರಲಿಲ್ಲ. ಊರಲ್ಲಿ ಹಾಲಿನ ಲೆಕ್ಕ, ಮಳೆಯ ಲೆಕ್ಕ ಬರೆಯುತ್ತಿದ್ದ ಅಭ್ಯಾಸ. ಮೊದಲ ಪುಟಗಳಲ್ಲಿ ಒಂದು ಸಾಲಿಗೆ ಮೂರೇ ಪದ ಹಿಡಿಸುವಷ್ಟು ದೊಡ್ಡ, ವಾಲಿದ ಅಕ್ಷರ. 'ಕೂಸಿಗೆ ನೀರು ಹಾಕಲಿಲ್ಲ. ನೋಡ್ತಾ ಕೂತೆ.' 'ಜಡೆ ಮಗಳು ಹಾಕಿದಳು. ಬಾಣಂತಿ ಕೈಲಿ ಜಡೆ ಹಾಕಿಸಿಕೊಂಡೆ.' 'ಸೀರೆ ಉಡಕ್ಕೆ ಆಗಲ್ಲ. ನೈಟಿನೇ.' ಒಂದು ಫೆಬ್ರವರಿಯ ದಿನ: 'ಅಕ್ಕಿರೊಟ್ಟಿ ತಟ್ಟಿದೆ. ಮೂರಕ್ಕೇ ಕೈ ಸೋತಿತು.' ಒಟ್ಟು 112 ದಿನ. ಕೆಲವು ದಿನ ತಾರೀಖು ಮಾತ್ರ ಇದೆ, ಕೆಳಗೆ ಖಾಲಿ. ಕಾಲು ಚಾಚಿ ಕೂತು, ಎರಡು ಕಾಲುಗಳ ನಡುವೆ ಕೂಸನ್ನು ಮಲಗಿಸಿಕೊಂಡು ಎಣ್ಣೆ ಹಚ್ಚಿ ಬಿಸಿನೀರು ಎರೆಯುವುದಕ್ಕೆಂದೇ ಅವರು ಅಷ್ಟು ದೂರ ಬಂದದ್ದು. ಅದು ಒಂದು ದಿನವೂ ಕೈಗೂಡಿರಲಿಲ್ಲ.

ನೋಟ್‌ಬುಕ್ಕು ಪ್ರಮಾಣಿತ ಅನುವಾದಕರ ಬಳಿ ಹೋಗಿ ಇಂಗ್ಲಿಷಾಗಿ ಬಂತು. ರೊಟ್ಟಿ ತಟ್ಟುವುದು, ನೀರು ಹಾಕುವುದು ಹೇಗೋ ದಾಟಿಕೊಂಡವು. ಬಾಣಂತನ ಎಂಬ ಒಂದು ಪದಕ್ಕೆ ಅನುವಾದಕರು ಆರು ಸಾಲಿನ ಅಡಿಟಿಪ್ಪಣಿ ಬರೆದರು. ಆ ಟಿಪ್ಪಣಿಯೇ ಹಣದ ಒಂದು ಬಾಬ್ತಿಗೆ ದಾರಿಯಾಯಿತು. ಮನೆಗೆಲಸ ಮಾಡುವ ಶಕ್ತಿ ಕಳೆದುಕೊಂಡದ್ದಕ್ಕೂ, ಅದು ಸಂಬಳವಿಲ್ಲದ ಕೆಲಸವಾದರೂ, ಆ ರಾಜ್ಯದಲ್ಲಿ ಪರಿಹಾರವಿದೆ. ಅದರ ಬೆಲೆ, ಬೇರೆಯವರಿಂದ ಮಾಡಿಸಿಕೊಂಡರೆ ಎಷ್ಟಾಗುತ್ತದೋ ಅಷ್ಟು. ಮಗಳು ಆರು ವಾರ, ವಾರಕ್ಕೆ ಐದು ದಿನ, ದಿನಕ್ಕೆ ನಾಲ್ಕು ಗಂಟೆ ಒಬ್ಬ ಆಯಾ ಇಟ್ಟುಕೊಂಡಿದ್ದರು. ಗಂಟೆಗೆ 30 ಡಾಲರ್, ಒಟ್ಟು 3,600. ಬಾಣಂತನಕ್ಕೆ ಗಂಟೆಯ ದರ ಕಟ್ಟಿದ್ದನ್ನು ಅಜ್ಜಿಗೆ ಹೇಳುವುದಕ್ಕೆ ಮಗಳಿಗೆ ಮನಸ್ಸಾಗಲಿಲ್ಲ. ಅಡ್ಜಸ್ಟರ್, ಅಜ್ಜಿ ಆ ಮನೆಯ ಕಾಯಂ ಸದಸ್ಯೆಯಲ್ಲ ಎಂದು ಆಕ್ಷೇಪಿಸಿದರು. ಕೊನೆಗೆ ಆ ಬಾಬ್ತು ಇಡೀ ಮೊತ್ತದಲ್ಲಿ ಕರಗಿಹೋಯಿತು.

ಇಷ್ಟೆಲ್ಲ ಒಂದು ಬೇಡಿಕೆ ಪತ್ರವಾಗಿ, ಎಕ್ಸ್‌ರೇ, ಬಿಲ್ಲು, ರಸೀದಿ, ನೋಟ್‌ಬುಕ್ಕು ಸಮೇತ ಹೋಯಿತು. ವಿಮಾ ಕಂಪನಿ ಕ್ಲೇಮಿಗೆ 15 ದಿನಗಳೊಳಗೆ ಉತ್ತರ ಕೊಡಬೇಕು, ಪುರಾವೆ ಬಂದ 40 ದಿನಗಳೊಳಗೆ ಒಪ್ಪುತ್ತದೋ ಇಲ್ಲವೋ ಹೇಳಬೇಕು, ನ್ಯಾಯಕ್ಕೆ ಹೊರತಾದಷ್ಟು ಕಡಿಮೆ ಆಫರು ಮಾಡಬಾರದು ಎಂದು ರಾಜ್ಯದ ವಿಮಾ ಇಲಾಖೆಯ ನಿಯಮಗಳಿವೆ. ಮುರಿದರೆ ಇಲಾಖೆಗೆ ದೂರು ಕೊಡಬಹುದು. ಆದರೆ ಎದುರು ಪಕ್ಷದ ವಿಮಾ ಕಂಪನಿಯ ಮೇಲೆಯೇ ಗಾಯಾಳು ಇದಕ್ಕಾಗಿ ದಾವೆ ಹೂಡುವಂತಿಲ್ಲ. 1979ರಲ್ಲಿ ಅಲ್ಲಿನ ಸುಪ್ರೀಂ ಕೋರ್ಟು ಕೊಟ್ಟಿದ್ದ ಆ ಹಕ್ಕನ್ನು 1988ರಲ್ಲಿ ತಾನೇ ಹಿಂತೆಗೆದುಕೊಂಡಿತು. ಹಾಗಾಗಿ ನಿಜವಾದ ಒತ್ತಡ ಇರುವುದು ದಾವೆಯ ಭಯದಲ್ಲಿ. ದಾವೆ ಹೂಡಿ, ಇಷ್ಟಕ್ಕೆ ಮುಗಿಸುತ್ತೇನೆ ಎಂದು ಸಿವಿಲ್ ಪ್ರೊಸೀಜರ್ ಕೋಡಿನ 998ನೇ ಕಲಮಿನಡಿ ಗಾಯಾಳು ಲಿಖಿತ ಆಫರು ಕೊಟ್ಟು, ಎದುರಿನವರು ಒಪ್ಪದೆ, ತೀರ್ಪು ಅದಕ್ಕಿಂತ ಹೆಚ್ಚಿಗೆ ಬಂದರೆ, ಆಫರಿನ ದಿನದಿಂದ ಶೇಕಡಾ 10ರ ಬಡ್ಡಿ ಬೀಳುತ್ತದೆ. ತಜ್ಞರ ಖರ್ಚೂ ತಲೆಗೆ ಬರಬಹುದು.

ಊರಿಗೆ ಮರಳಿದ ಗಾಯಾಳುವಿಗೆ ದಾವೆಯಲ್ಲಿ ಇನ್ನೊಂದು ತೊಡಕು. ರಾಜ್ಯದ ಹೊರಗಿರುವವರು ದಾವೆ ಹೂಡಿದರೆ, ಸೋತಾಗ ಖರ್ಚು ಕಟ್ಟಲು ಜಾಮೀನು ಇಡಿಸಿ ಎಂದು ಪ್ರತಿವಾದಿ ಕೋರ್ಟನ್ನು ಕೇಳಬಹುದು. ತಾನು ಗೆಲ್ಲುವ ಸಂಭವವಿದೆ ಎಂದು ಆತ ತೋರಿಸಬೇಕಷ್ಟೆ. ಶಿವಮೊಗ್ಗದಲ್ಲಿ ಕೂತ ಅಜ್ಜಿಗೆ ಇದನ್ನು ವಿವರಿಸಿದಾಗ, 'ಗುದ್ದಿಸಿಕೊಂಡೋರೇ ಜಾಮೀನು ಕೊಡಬೇಕಾ?' ಎಂದು ಕೇಳಿದರು. ಆ ಪ್ರಶ್ನೆಗೆ ವಕೀಲರ ಬಳಿಯೂ ಉತ್ತರವಿರಲಿಲ್ಲ.

ಎಷ್ಟು ವಾದಿಸಿದರೂ ಮೇಲೊಂದು ಚಾವಣಿ ಇರುತ್ತದೆ: ಗುದ್ದಿದವರ ಪಾಲಿಸಿಯ ಮಿತಿ. ಕ್ಯಾಲಿಫೋರ್ನಿಯಾದಲ್ಲಿ 1967ರಿಂದ ಒಬ್ಬ ಗಾಯಾಳುವಿಗೆ ಕಡ್ಡಾಯ ವಿಮೆ ಬರೀ 15,000 ಡಾಲರ್ ಇತ್ತು. ಅರ್ಧ ಶತಮಾನಕ್ಕೂ ಹೆಚ್ಚು ಕಾಲ ಅದು ಏರಲಿಲ್ಲ, 2025ರ ಜನವರಿ 1ರಂದು 30,000 ಆಯಿತು. ಅಷ್ಟೇ ವಿಮೆ ಇರುವ ಚಾಲಕ ಗುದ್ದಿದರೆ 71,000ದ ಬಿಲ್ಲು ಹಿಡಿದು ಹೋರಾಡುವುದಕ್ಕೆ ಎದುರಿಗೆ ಯಾರೂ ಇರುವುದಿಲ್ಲ. ಆಗ ಗಾಯಾಳುವಿನ ಸ್ವಂತ ಕಾರಿನ ಪಾಲಿಸಿಯಲ್ಲಿ, ಗುದ್ದಿದವರ ವಿಮೆ ಸಾಲದಿದ್ದರೆ ಎಂದು ಮಾಡಿಸಿಟ್ಟ ರಕ್ಷಣೆಯೊಂದೇ ಗತಿ. ಅದೂ ಒಂದೇ ಮನೆಯಲ್ಲಿ ವಾಸವಿರುವ ಬಂಧುಗಳಿಗೆ. ಆರು ತಿಂಗಳಿಗೆ ಬಂದ ಅತ್ತೆ 'ವಾಸವಿರುವ' ಬಂಧು ಹೌದೋ ಅಲ್ಲವೋ ಎಂಬುದೇ ಒಂದು ವ್ಯಾಜ್ಯ. ಈ ಪ್ರಕರಣದಲ್ಲಿ ಚಾಲಕರ ಪಾಲಿಸಿ 1,00,000ದ್ದಾಗಿತ್ತು. ಅದೃಷ್ಟ ಎನ್ನಬೇಕು.

ಇನ್ನು ಅಪೀಲು ಎಂದು ನಿಜವಾಗಿ ಕರೆಯಬಹುದಾದದ್ದು. ಜ್ಯೂರಿ ಕಡಿಮೆ ಕೊಟ್ಟರೆ, ಪರಿಹಾರ ಸಾಲದು ಎಂಬ ಕಾರಣಕ್ಕೇ ಹೊಸ ವಿಚಾರಣೆ ಕೇಳಬಹುದು. ಅದಕ್ಕೆ, ತೀರ್ಪು ದಾಖಲಾಯಿತೆಂಬ ನೋಟೀಸು ಸಿಕ್ಕ ದಿನದಿಂದ 15 ದಿನ. ನ್ಯಾಯಾಧೀಶರು ಹೊಸ ವಿಚಾರಣೆಯ ಬದಲು, ಇಷ್ಟು ಹೆಚ್ಚಿಗೆ ಕೊಡಲು ಒಪ್ಪುತ್ತೀರಾ ಎಂದು ಪ್ರತಿವಾದಿಯನ್ನು ಕೇಳುವ ದಾರಿಯೂ 1967ರಿಂದ ಇದೆ. ಅಪೀಲಿಗೆ ಹೋಗುವುದಾದರೆ, ಸಾಮಾನ್ಯವಾಗಿ ಅದೇ ನೋಟೀಸಿನಿಂದ 60 ದಿನಗಳೊಳಗೆ, ಪಾಲೋ ಆಲ್ಟೋ ಸೇರಿದ ಸಾಂಟಾ ಕ್ಲಾರಾ ಕೌಂಟಿಯವರಾದರೆ ಸ್ಯಾನ್ ಹೋಸೆಯಲ್ಲಿರುವ ಆರನೇ ಜಿಲ್ಲೆಯ ಮೇಲ್ಮನವಿ ಕೋರ್ಟು. ಅದು ಸಾಕ್ಷ್ಯವನ್ನು ಹೊಸದಾಗಿ ತೂಗುವುದಿಲ್ಲ. ಕರ್ನಾಟಕ ಹೈಕೋರ್ಟಿನ ಹಾಗೆ ಆದಾಯದ ಅಂಕಿ ತಿದ್ದಿ, ಗುಣಿಸಿ, ಹೆಚ್ಚಿಸಿ ಕಳಿಸುವ ಪದ್ಧತಿ ಅಲ್ಲಿಲ್ಲ, ತಿದ್ದಲು ಅಂಥ ಅಂಕಿಯೇ ಇರುವುದಿಲ್ಲ. ಸಣ್ಣ ಮೊತ್ತಗಳಿಗೆ ವಕೀಲರಿಲ್ಲದೆ ನಡೆಯುವ ಸ್ಮಾಲ್ ಕ್ಲೇಮ್ಸ್ ಕೋರ್ಟು ಇದೆ, 2024ರಿಂದ ಅದರ ಮಿತಿ 12,500 ಡಾಲರ್. ಅಲ್ಲಿ ಸೋತ ಪ್ರತಿವಾದಿ ಅಪೀಲು ಹೋಗಬಹುದು. ತನ್ನ ಕ್ಲೇಮಿನಲ್ಲಿ ಸೋತ ವಾದಿಗೆ ಆ ಹಕ್ಕಿಲ್ಲ.

ಈ ಪ್ರಕರಣ ದಾವೆಯವರೆಗೂ ಹೋಗಲಿಲ್ಲ. ಕರಡು ದಾವೆ ಪತ್ರವನ್ನು ವಕೀಲರು ಲಗತ್ತಿಸಿ ಕಳಿಸಿದ ಮೇಲೆ 22,000 ಎಂಬುದು 40,000 ಆಯಿತು, ನಂತರ 61,000, 2020ರ ಜನವರಿಯಲ್ಲಿ 84,000. ಮತ್ತೆ ಅದೇ ಎರಡು ಪುಟದ ರಿಲೀಸ್, ಅದೇ 1542. ಈ ಸಲ ಅಜ್ಜಿ ಶಿವಮೊಗ್ಗದಲ್ಲಿ ಸಹಿ ಹಾಕಿದರು, ಯಾವಾಗಲೂ ಹಾಕುವಂತೆ ಕನ್ನಡದಲ್ಲಿ. ವಾರದ ನಂತರ ವಿಮಾ ಕಂಪನಿಯಿಂದ ಪತ್ರ: ಈ ಸಹಿ ಪಾಸ್‌ಪೋರ್ಟಿನ ಪ್ರತಿಯಲ್ಲಿರುವ ಸಹಿಗೆ ಹೊಂದುತ್ತಿಲ್ಲ. ಹೊಂದುವಂತಿರಲಿಲ್ಲ. ಮಣಿಕಟ್ಟು ತಿರುಗುವಷ್ಟೇ ತಿರುಗುತ್ತಿತ್ತು, ಒತ್ತಕ್ಷರಗಳು ಕೆಳಗಿಳಿಯದೆ ಪಕ್ಕಕ್ಕೆ ಸರಿದಿದ್ದವು. ವಕೀಲರು ಪ್ಲೇಟು ಕಾಣುವ ಎಕ್ಸ್‌ರೇಯ ಇನ್ನೊಂದು ಪ್ರತಿಯನ್ನು, ನೋಟರಿಯ ಮೊಹರಿನ ಜೊತೆಗೆ, ಕಳಿಸಿಕೊಟ್ಟರು. ಚೆಕ್ಕು ಬಂತು.

84,000ದಲ್ಲಿ ವಕೀಲರ ಪಾಲು 28,000, ಅವರ ಕೈಖರ್ಚು 1,800. ಆಸ್ಪತ್ರೆಯೊಡನೆ ಮತ್ತೆ ಚೌಕಾಸಿಯಾಗಿ ಲೀನು ಮತ್ತು ವಿಸಿಟರ್ಸ್ ವಿಮೆಯ ವಸೂಲಿ ಎರಡೂ ಸೇರಿ 27,000ಕ್ಕೆ ಇಳಿದವು. ಅಜ್ಜಿಗೆ ಉಳಿದದ್ದು 27,200 ಡಾಲರ್, ಆಗಿನ ದರದಲ್ಲಿ ಹತ್ತೊಂಬತ್ತು ಲಕ್ಷದ ಆಸುಪಾಸು. ದೈಹಿಕ ಗಾಯದ ಪರಿಹಾರಕ್ಕೆ ಅಮೆರಿಕದ ಆದಾಯ ತೆರಿಗೆ ಬೀಳುವುದಿಲ್ಲ. ಪ್ಲೇಟು, ಏಳು ಸ್ಕ್ರೂ ಈಗಲೂ ಕೈಯೊಳಗೇ ಇವೆ. ಚಳಿಗಾಲದಲ್ಲಿ ಎಳೆಯುತ್ತದೆ, ತೆಗೆಸಿದರೆ ಒಳ್ಳೆಯದು ಎಂದು ಊರಿನ ಡಾಕ್ಟರು ಹೇಳಿದ್ದಾರೆ. ಅದರ ಖರ್ಚು ಸಹಿಯಾದ ದಿನವೇ ಆ 84,000ದಲ್ಲಿ ಸೇರಿಹೋಗಿದೆ.